ವಿರೋಧಿಕೃತ್ ಸಂವತ್ಸರದ ಪಂಚಾಂಗ

ಏಳೂವರೆಯ ಸೈರನ್ ಕೂಗಿದಾಗ ಭಾನುಮತಿ ಊಟದ ಡಬ್ಬಿಯ ಮುಚ್ಚಳ ಹುಡುಕುತ್ತಿದ್ದಳು. ಡಬ್ಬಿಗೆ ಅನ್ನ ಕಲಸಿ ತುಂಬಿಯೂ ಆಗಿತ್ತು. ಮುಚ್ಚಳ ಕೈಗೆ ಸಿಕ್ಕಿದ ಮೇಲೆ, ಅದನ್ನು ಒಯ್ಯುವವನು ಹೋಗಿ ಹದಿನಾಲ್ಕು ದಿನವಾಯಿತೆಂಬುದು ನೆನಪಿಗೆ ಬಂತು. ಅಳು ಬರಲಿಲ್ಲ. ಅನ್ನವನ್ನು ಪಾತ್ರೆಗೆ ಮರಳಿ ಸುರಿದು, ಡಬ್ಬಿ ತೊಳೆದು ಬೋರಲು ಹಾಕಿದಳು.

ಹಿಂದಿನ ದಿನ ವೈಕುಂಠ ಸಮಾರಾಧನೆ ಮುಗಿದಿತ್ತು. ನೆಂಟರು ಉಂಡು, ಎಲೆ ಎತ್ತಿ, ಸಂಜೆಯ ಬಸ್ಸಿಗೆ ಹೊರಟುಹೋಗಿದ್ದರು. ಮಹದೇವಪುರದ ಕಾರ್ಖಾನೆಯವರು ಕೊಟ್ಟಿದ್ದ ಆ ಎರಡು ಕೋಣೆಯ ಮನೆಯಲ್ಲಿ ಉಳಿದವರು ಮೂವರು: ಭಾನುಮತಿ, ಅತ್ತೆ ಅನುಸೂಯಮ್ಮ, ಮೈದುನ ಉಪೇಂದ್ರ. ಉಪೇಂದ್ರ ನಗರದ ಒಂದು ಸರ್ಕಾರಿ ಕಚೇರಿಯಲ್ಲಿ ಗುಮಾಸ್ತ. ಅವನು ಕೆಲಸಕ್ಕೆ ಹೊರಟ. ಅತ್ತೆ ಹಿತ್ತಲ ಮೆಟ್ಟಿಲ ಮೇಲೆ ಕೂತು ಬತ್ತಿ ಹೊಸೆಯತೊಡಗಿದರು. ಎದುರು ಮನೆಯ ಹೆಂಗಸು ಬಾಗಿಲಿಗೆ ನೀರು ಹಾಕಿ, ಇತ್ತ ನೋಡದೆ ಒಳಗೆ ಹೋದಳು. ಬೆಳಗ್ಗೆ ಎದ್ದು ಮೊದಲು ನೋಡುವ ಮುಖವಲ್ಲ ಭಾನುಮತಿಯದು, ಈಗ.

ಅವಳಿಗೆ ಇಪ್ಪತ್ತಾರು. ಚರಿತ್ರೆಯಲ್ಲಿ ಎಂ.ಎ. ಮಾಡಿದ್ದಳು. ಗಂಡ ನಾಣಿ ಮೊದಲು ಸೈನ್ಯದಲ್ಲಿ ವೈರ್‌ಲೆಸ್ ವಿಭಾಗದಲ್ಲಿದ್ದವನು. ಎಪ್ಪತ್ತೊಂದರ ಯುದ್ಧದಲ್ಲಿ ಸೆರೆಸಿಕ್ಕಿ ಒಂದು ವರ್ಷ ಗಡಿಯಾಚೆಯ ಶಿಬಿರವೊಂದರಲ್ಲಿದ್ದು, ಎಪ್ಪತ್ತೆರಡರ ಕೊನೆಗೆ ಬಿಡುಗಡೆಯಾಗಿ ಬಂದು ಕಾರ್ಖಾನೆ ಸೇರಿದ್ದ. ಮದುವೆಯಾಗಿ ಮೂರೂವರೆ ವರ್ಷದಲ್ಲಿ ಆ ಶಿಬಿರದ ಬಗ್ಗೆ ಅವನು ಹೇಳಿದ್ದು ಒಂದೇ ಮಾತು, ಅಲ್ಲಿ ಚಳಿ ಜಾಸ್ತಿ ಎಂದು. ಕಾಮಾಲೆ ಬಂದು ಇಪ್ಪತ್ತೇ ದಿನದಲ್ಲಿ ಹೋದ. ಆಸ್ಪತ್ರೆಯಲ್ಲಿ, ಜ್ಞಾನ ತಪ್ಪುವುದಕ್ಕೆ ಮೊದಲಿನ ದಿನ, ಹಳದಿ ಕಣ್ಣು ಬಿಟ್ಟು, "ರೇಡಿಯೋ ಹಿಂದೆ ಒಂದು ಎರವಲು ಇದೆ ಭಾನು. ಕೊಟ್ಬಿಡು" ಎಂದಿದ್ದ. ಯಾರಿಗೆ ಎಂದು ಕೇಳಿದಳು. ಅವನು ಗೋಡೆಯ ಕಡೆ ಹೊರಳಿದ. ಜ್ವರದ ಕನವರಿಕೆ ಎಂದುಕೊಂಡು ಅವಳು ಸುಮ್ಮನಾಗಿದ್ದಳು.

ಡಬ್ಬಿ ಬೋರಲು ಹಾಕಿದ ಮೇಲೆ ಮಾಡಲು ಕೆಲಸವಿರಲಿಲ್ಲ. ಹದಿಮೂರು ದಿನ ಯಾರಾದರೂ ಏನಾದರೂ ಹೇಳಿ ಮಾಡಿಸುತ್ತಿದ್ದರು. ಅವಳು ನಡುಮನೆಗೆ ಬಂದು, ಗೂಡಿನಲ್ಲಿದ್ದ ಹಳೆಯ ವಾಲ್ವ್ ರೇಡಿಯೋವನ್ನು ತಿರುಗಿಸಿ, ಹಿಂಬದಿಯ ರಟ್ಟಿನ ತಿರುಪು ಬಿಚ್ಚಿದಳು.

ಒಳಗೆ, ವಾಲ್ವುಗಳ ಬಿಸಿ ತಾಗದ ಮೂಲೆಯಲ್ಲಿ, ಎಣ್ಣೆಬಟ್ಟೆಯಲ್ಲಿ ಸುತ್ತಿದ ಅಂಗೈಯಗಲದ ಗಂಟು. ಬಿಚ್ಚಿದರೆ ಒಂದು ಪಂಚಾಂಗ. ವಿರೋಧಿಕೃತ್ ನಾಮ ಸಂವತ್ಸರದ್ದು, ಎಂದರೆ ಎಪ್ಪತ್ತೊಂದರ ಯುಗಾದಿಯಿಂದ ಎಪ್ಪತ್ತೆರಡರ ಯುಗಾದಿಯವರೆಗಿನದು. ಹಳದಿ ರಕ್ಷಾಪುಟದ ಒಳಗೆ ಶಾಲೆಯ ಮೇಷ್ಟರ ದುಂಡು ಅಕ್ಷರದಲ್ಲಿ: "ಸೊಣ್ಣಪ್ಪ, ತಾಯಿ ಭದ್ರಮ್ಮ, ಪಟ್ಟಂದೂರು ಅಗ್ರಹಾರ." ಮುಂದೆ ತಿರುವಿದಳು. ಮಾರ್ಗಶಿರ ಮಾಸದಿಂದ ಆಚೆಗೆ, ತಿಥಿ ವಾರ ನಕ್ಷತ್ರಗಳ ಅಚ್ಚಿನ ಸಾಲುಗಳ ನಡುವೆ, ಅಂಚುಗಳಲ್ಲಿ, ಇರುವೆ ಸಾಲು ಹರಿದ ಹಾಗೆ ಪೆನ್ಸಿಲ್ ಬರಹ. ಕೈ ನಾಣಿಯದು.

"ಪುಷ್ಯ ಶುದ್ಧ ಬಿದಿಗೆ. ಬೆಳಗಿನ ಎಣಿಕೆಯಲ್ಲಿ ನಲವತ್ತೊಂದು ಜನ. ನಿನ್ನೆ ನಲವತ್ತೆರಡು."

ಅಷ್ಟು ಓದುವಷ್ಟರಲ್ಲಿ ಬಾಗಿಲು ಬಡಿದ ಸದ್ದಾಯಿತು.

ಬಂದಿದ್ದವರು ಹನುಮಂತರಾಯಪ್ಪ, ಕಾರ್ಖಾನೆಯ ಭದ್ರತಾ ವಿಭಾಗದವರು, ಮೊದಲು ಪೊಲೀಸಿನಲ್ಲಿದ್ದು ನಿವೃತ್ತರಾದವರು. ಭಾನುಮತಿಗೆ ಪಂಚಾಂಗವನ್ನು ಎಲ್ಲಿ ಇಡಬೇಕೆಂದು ತೋಚಲಿಲ್ಲ. ಅಕ್ಕಿ ಕೇರಲು ಇಟ್ಟಿದ್ದ ಮೊರದಲ್ಲಿ ಹಾಕಿ, ಮೇಲೆ ಎರಡು ಹಿಡಿ ಅಕ್ಕಿ ಎಳೆದು, ಮೊರವನ್ನು ತೊಡೆಯ ಮೇಲಿಟ್ಟುಕೊಂಡು ಕೂತಳು. ರೇಡಿಯೋದ ಬೆನ್ನು ಬಿಚ್ಚಿಕೊಂಡೇ ಇತ್ತು.

ಅವರು ಒಳ್ಳೆಯ ಮಾತಿನವರು. ಚಪ್ಪಲಿ ಹೊರಗೆ ಬಿಟ್ಟು ಬಂದರು. ನಾಣಿಯ ಜಾಗದಲ್ಲಿ ಅವಳಿಗೆ ಕೆಲಸ ಕೊಡಲು ಮೇಲಿನವರು ಒಪ್ಪಿದ್ದಾರೆಂದೂ, ಹಾಗಾದರೆ ಈ ಮನೆಯೂ ಉಳಿಯುತ್ತದೆಂದೂ ಹೇಳಿದರು. ಆದರೆ ಒಂದು ತೊಡಕಿತ್ತು. ನಾಣಿ ಶತ್ರುವಿನ ಶಿಬಿರದಲ್ಲಿದ್ದು ಬಂದವನು. ಈಗ ತುರ್ತುಪರಿಸ್ಥಿತಿಯ ಕಾಲ. ಅವನ ಕಡತವನ್ನು ಪೊಲೀಸರು ಇನ್ನೊಮ್ಮೆ ನೋಡುತ್ತಾರೆ, ಬುಧವಾರ ಮನೆಗೂ ಬರುತ್ತಾರೆ.

"ಅಲ್ಲಿಂದ ತಂದಿದ್ದು ಕಾಗ್ದ, ಡೈರಿ, ಪತ್ರ ಏನಾದ್ರೂ ಇದ್ರೆ ಈಗ್ಲೇ ನನ್ನ ಕೈಗೆ ಕೊಟ್ಬಿಡಿ ತಾಯಿ. ಬಿಡುಗಡೆ ಆದಾಗ ಏನೂ ಇಲ್ಲ ಅಂತ ಅವರು ಬರ್ಕೊಟ್ಟವ್ರೆ. ಆಮೇಲೆ ಸಿಕ್ಕಿದ್ರೆ ಅವರನ್ನ ಕೇಳೋಕ್ಕಾಗಲ್ಲ. ನಿಮ್ಮನ್ನ ಕೇಳ್ತಾರೆ."

"ಏನೂ ಇಲ್ಲ" ಎಂದಳು ಭಾನುಮತಿ.

ಅವರ ಕಣ್ಣು ರೇಡಿಯೋ ಮೇಲೆ ನಿಂತಿತು. ಕೆಟ್ಟಿದೆಯಾ ಎಂದು ಕೇಳಿದರು. ಅವಳು ಹೂಂ ಎಂದಳು. ಅವರು ಹೋದ ಮೇಲೆ ನೋಡಿದರೆ, ತಾನು ಬೆರಳಿನಿಂದ ಅಕ್ಕಿಯೊಳಗೆ ಪಂಚಾಂಗದ ಅಂಚನ್ನು ಒತ್ತಿ ಹಿಡಿದಿದ್ದು, ಉಗುರು ಬೆಳ್ಳಗಾಗಿತ್ತು.

ಅವತ್ತು ಸೋಮವಾರ.

ಮಧ್ಯಾಹ್ನ ಅತ್ತೆ ಮಲಗಿದಾಗ ಅವಳು ಕೋಣೆಯ ಚಿಲಕ ಹಾಕಿಕೊಂಡು ಓದಿದಳು. ಒಂದು ಬರಹ ಕೈಗೆ ಸಿಕ್ಕಿದರೆ ಮೊದಲು ಇದನ್ನು ಬರೆದವನು ಯಾರಿಗೆ ಹೆದರಿ ಬರೆದ ಎಂದು ಕೇಳಿಕೊಳ್ಳಿ ಎಂದು ಅವಳ ಮೇಷ್ಟರೊಬ್ಬರು ಹೇಳುತ್ತಿದ್ದರು. ಇಲ್ಲಿ ಅದನ್ನು ಕೇಳಿಕೊಳ್ಳುವ ಅಗತ್ಯವೇ ಇರಲಿಲ್ಲ. ಪ್ರತಿ ಅಕ್ಷರವೂ ಬೆನ್ನ ಹಿಂದೆ ಯಾರೋ ನಿಂತಿರುವಂತೆ ಕುಗ್ಗಿಕೊಂಡಿತ್ತು.

ಪಂಚಾಂಗ ಸೊಣ್ಣಪ್ಪನದು. ಪಟ್ಟಂದೂರು ಅಗ್ರಹಾರದ ರೈತರ ಮಗ, ಸಿಪಾಯಿ. ಹಿಡಿದಾಗ ಎಲ್ಲರ ಜೇಬು ಬರಿದು ಮಾಡಿದ ಕಾವಲಿನವನು ಇದನ್ನು ದೇವರ ಪುಸ್ತಕವೆಂದು ತಿಳಿದು, ಹಣೆಗೆ ಮುಟ್ಟಿಸಿಕೊಂಡು ಹಿಂದಕ್ಕೆ ಕೊಟ್ಟನಂತೆ. ಸೊಣ್ಣಪ್ಪನಿಗೆ ಅಂಕಿ ಓದಲು ಬರುತ್ತಿತ್ತು, ಸಹಿ ಹಾಕಲು ಬರುತ್ತಿತ್ತು, ಅಷ್ಟೇ. ದಿನಾ ಬೆಳಗ್ಗೆ ಬ್ಯಾರಕ್ಕಿನವರಿಗೆಲ್ಲ ಇವತ್ತು ಯಾವ ದಿನ ಎಂದು ಸಾರುತ್ತಿದ್ದ. ಊರಲ್ಲಿ ಈಗ ರಾಗಿ ಕಣ ಆಗ್ತಾ ಇರ್ತದೆ, ಈಗ ಅವರೆ ಹೂ ಬಿಟ್ಟಿರ್ತದೆ ಎಂದು ಹೇಳುತ್ತಿದ್ದ. ಅಲ್ಲಿ ಕನ್ನಡ ಬಲ್ಲವರು ಅವರಿಬ್ಬರೇ. ನಾಣಿ ಪಂಚಾಂಗವನ್ನು ಎರವಲು ಕೇಳಿ ಪಡೆದು, ಆಸ್ಪತ್ರೆಯ ಕೋಣೆಯಲ್ಲಿ ಸಿಕ್ಕಿದ ಪೆನ್ಸಿಲ್ ಚೂರಿನಿಂದ ಬರೆಯತೊಡಗಿದ. ಎಷ್ಟು ರೊಟ್ಟಿ, ಯಾರಿಗೆ ಏಟು, ಯಾರನ್ನು ಕರೆದೊಯ್ದರು, ಅವರ ಹೆಸರು, ಊರು, ತಂದೆಯ ಹೆಸರು. ಹೊರಗೆ ಹೋದವನು ಉಳಿದವರ ಮನೆಗೆ ಹೇಳಬೇಕು ಎಂದು ಒಪ್ಪಂದ. ಕನ್ನಡದಲ್ಲಿ ಬರೆದರೆ ಬೀಗ ಹಾಕಿದ ಹಾಗೆ, ಇಲ್ಲಿ ಯಾರಿಗೆ ಓದಲು ಬರುತ್ತದೆ ಎಂಬುದು ಇಬ್ಬರ ಧೈರ್ಯ.

"ಮಾಘ ಬಹುಳ ಅಷ್ಟಮಿ. ಕಾಲು ಕೊಳೆತವನನ್ನು ಹೊತ್ತೊಯ್ದರು. ಹೋಗುವಾಗ ನನ್ನ ಬೂಟು ಕೊಡು, ಬೂಟು ಕೊಡು ಅಂತ ಯಾರಿಗೋ ಹೇಳುತ್ತಿದ್ದ. ಬೂಟು ಅವನ ಕಾಲಲ್ಲೇ ಇತ್ತು."

"ಫಾಲ್ಗುಣ ಶುದ್ಧ ಪಂಚಮಿ. ರೊಟ್ಟಿ ಎರಡು. ನನಗೆ ಹಸಿವಿಗಿಂತ ಎಣಿಕೆಯ ಹೊತ್ತಿಗೆ ಭಯ."

ಫಾಲ್ಗುಣದಲ್ಲಿ ಒಬ್ಬ ರೋಗಿಯನ್ನು ಬೇರೆಡೆಗೆ ಸಾಗಿಸುವರೆಂದು ಸುದ್ದಿಯಾಯಿತು. ಅವನ ಕೈಯಲ್ಲಿ ಹೆಸರುಗಳನ್ನು ಕಳಿಸೋಣವೆಂದು ನಾಣಿ ಪಂಚಾಂಗದ ಕೊನೆಯಲ್ಲಿದ್ದ ಜಾಹೀರಾತಿನ ಹಾಳೆಯೊಂದನ್ನು ಹರಿದು ಬರೆದುಕೊಟ್ಟ. ಅದು ರೋಗಿಯ ಕಾಲುಚೀಲದಲ್ಲಿ ಸಿಕ್ಕಿಬಿತ್ತು. ಮೂರನೆಯ ದಿನ ಒಬ್ಬ ದ್ವಿಭಾಷಿ ಬಂದ. ವಯಸ್ಸು ನಲವತ್ತು ದಾಟಿದವನು, ಕನ್ನಡಕ ಹಾಕಿದವನು. ಅವನ ಬಗ್ಗೆ ನಾಣಿ ಹೀಗೆ ಬರೆದಿದ್ದ:

"ಸಾಲಿನಲ್ಲಿ ನಿಲ್ಲಿಸಿದರು. ಅವನು ನನ್ನೆದುರು ಬಂದು ಕನ್ನಡದಲ್ಲಿ ಕೇಳಿದ, ಯಾವೂರಪ್ಪ ನಿಂದು? ಅಲಸೂರು ಕೆರೇಲಿ ನೀರೈತಾ ಈಗ್ಲೂ? ಹುಟ್ಟಿದ್ದು ಅಲ್ಲೇ ಅಂತೆ, ದೇಶ ಒಡೆದಾಗ ಹೋದವನಂತೆ. ಮೊದಲು ನನಗೆ ಸಂತೋಷವಾಯಿತು. ಬಾಯ್ತುಂಬ ಉತ್ತರ ಹೇಳಿದೆ. ಆಮೇಲೆ ಅವನ ಕೈಯಲ್ಲಿದ್ದ ಹಾಳೆ ಕಂಡೆ."

ಮುಂದಿನ ಪುಟ ಪಂಚಾಂಗದ ಕೊನೆಯ ದಿನಗಳದು.

"ಫಾಲ್ಗುಣ ಬಹುಳ ಏಕಾದಶಿ, ಶನಿವಾರ. ಇದು ಪಂಚಾಂಗದ ಹಾಳೆ, ಪಂಚಾಂಗ ಯಾರದು ಅಂತ ಕೇಳಿದ. ಎಲ್ಲರಿಗೂ ಗೊತ್ತು. ಯಾರೂ ಬಾಯಿಬಿಡುವ ಮೊದಲೇ ಸೊಣ್ಣಪ್ಪ ಮುಂದೆ ಬಂದ. ನಂದೇ ಸ್ವಾಮಿ, ನಾನೇ ಬರ್ದಿದ್ದು, ಪುಸ್ತಕ ಒಲೆಗಾಕ್ಬಿಟ್ಟೆ ಅಂದ. ಅವನ ಕೈಗೆ ಪೆನ್ಸಿಲ್ ಕೊಟ್ಟು ಬರೆ ಅಂದರು. ಹೆಸರು ಬರೆದು ನಿಲ್ಲಿಸಿದ. ದ್ವಿಭಾಷಿಗೆ ಅರ್ಥವಾಯಿತು. ನನ್ನ ಕಡೆ ನೋಡಿದ. ಬಹಳ ಹೊತ್ತು ನೋಡಿದ. ನಾನು ನೆಲ ನೋಡಿದೆ. ಪುಸ್ತಕ ನನ್ನ ಸೊಂಟದಲ್ಲಿತ್ತು. ಸೊಣ್ಣಪ್ಪನನ್ನು ಲಾರಿಗೆ ಹತ್ತಿಸಿದರು. ಯಾರೂ ಹಿಡಿದಿರಲಿಲ್ಲ, ತಾನೇ ನಡೆದು ಹೋದ."

ಅಲ್ಲಿಂದಾಚೆ ನಾಲ್ಕು ತಿಥಿಗಳ ಸಾಲು ಖಾಲಿ. ಮತ್ತೆ ಯಾವ ಬರಹವೂ ಇಲ್ಲ. ಹಿಂದಿನ ರಕ್ಷಾಪುಟದ ಒಳಮೈಯಲ್ಲಿ ಮಾತ್ರ, ಶಾಯಿಯಲ್ಲಿ, ಇಲ್ಲಿಗೆ ಬಂದ ಮೇಲಿನ ಒಂದು ಸಾಲು: "ಭದ್ರಮ್ಮ ಮನೆಗೆ ಬಂದಿದ್ದರು. ನೋಡಿಲ್ಲ ಅಂದೆ."

ಆ ದಿನ ಭಾನುಮತಿಗೆ ಚೆನ್ನಾಗಿ ನೆನಪಿತ್ತು. ಮದುವೆಯಾಗಿ ಎರಡು ತಿಂಗಳಾಗಿತ್ತು. ಕೆಂಪು ಮಣ್ಣು ಮೆತ್ತಿದ ಪಾದದ ಒಬ್ಬ ಹೆಂಗಸು ಬಾಗಿಲಲ್ಲಿ ನಿಂತು, ಯುದ್ಧದಲ್ಲಿ ಸೆರೆಸಿಕ್ಕವರು ಈ ಮನೆಯಲ್ಲಿದ್ದಾರಂತೆ, ನನ್ನ ಮಗನನ್ನು ಕಂಡಿದ್ದರಾ ಕೇಳಬೇಕಿತ್ತು ಎಂದಿದ್ದಳು. ಕಾಣೆಯಾಗಿದ್ದಾನೆ, ಸತ್ತಿರಬಹುದು ಎಂದು ಸರ್ಕಾರದ ಕಾಗದ ಬಂದಿದೆ. ತಾನು ನಂಬಿಲ್ಲ, ತಿಥಿ ಮಾಡಿಲ್ಲ ಎಂದೂ ಹೇಳಿದ್ದಳು. ನಾಣಿ ಒಳಗಿನಿಂದ ಬಂದು, ನಾನಿದ್ದ ಶಿಬಿರವೇ ಬೇರೆ, ಅವರನ್ನು ನೋಡಿಲ್ಲ ಎಂದ. ಭಾನುಮತಿ ಆಕೆಗೆ ಮಜ್ಜಿಗೆ ಕೊಟ್ಟಿದ್ದಳು. ಆಮೇಲೆ ನಾಣಿ ಎರಡು ದಿನ ಊಟ ಬಿಟ್ಟಿದ್ದ. ಹೊಟ್ಟೆ ಸರಿಯಿಲ್ಲ ಎಂದಿದ್ದ.

ಸಂಜೆ ಉಪೇಂದ್ರ ಬಂದ ಮೇಲೆ ಅವಳು ಪಂಚಾಂಗವನ್ನು ತಂದು ನಡುಮನೆಯಲ್ಲಿಟ್ಟು, ಬುಧವಾರ ಪೊಲೀಸರು ಬರುವ ಮಾತನ್ನೂ ಹೇಳಿದಳು. ಮುಚ್ಚಿಡುವುದು ಅವಳಿಂದ ಆಗುತ್ತಿರಲಿಲ್ಲ. ಉಪೇಂದ್ರ ನಾಲ್ಕು ಪುಟ ಓದಿ, ಎದ್ದು ಕಿಟಕಿ ಮುಚ್ಚಿ ಬಂದ. ಹಂಡೆಯ ಒಲೆಯಲ್ಲಿ ಬೆಂಕಿ ಇದೆಯಾ ಎಂದು ಕೇಳಿದ.

"ಅತ್ತಿಗೆ, ಇದು ಎಂಥಾ ಕಾಲ ಅಂತ ನಿಮಗೆ ಗೊತ್ತಿಲ್ಲ. ನಮ್ಮ ಸೆಕ್ಷನ್ನಲ್ಲಿ ಒಬ್ಬ, ಬಸ್ಸು ಲೇಟು ಅಂತ ಸರ್ಕಾರಾನ ಬೈದ. ಆರು ತಿಂಗಳಾಯ್ತು, ಇನ್ನೂ ಬಸ್ಸು ಹತ್ತಿಲ್ಲ ಅವನು. ಸುಟ್ಬಿಡಿ ಇದನ್ನ."

ಇದು ನಮ್ಮದಲ್ಲ, ಎರವಲು ಎಂದಳು ಭಾನುಮತಿ. ಎರವಲು ಕೊಟ್ಟವನೇ ಇಲ್ಲವಲ್ಲ ಎಂದ ಉಪೇಂದ್ರ. ಅದೇ ಅವನ ತಾಯಿಗೆ ಗೊತ್ತಿಲ್ಲ ಎಂದಳು. ಅವನು ರೇಗಿದ. ಕೊಟ್ಟರೆ ಆ ಮುದುಕಿ ಸುಮ್ಮನಿರುತ್ತಾಳೆಯೇ, ನಾಳೆ ಊರಿಗೆಲ್ಲ ಹೇಳುತ್ತಾಳೆ, ಪಟೇಲರ ಮನೆಗೆ ಒಯ್ಯುತ್ತಾಳೆ, ಅಲ್ಲಿಂದ ಠಾಣೆಗೆ ಎಷ್ಟು ದೂರ ಎಂದ. ಹೇಳುತ್ತ ಹೇಳುತ್ತ ಅವನ ದನಿ ಪಿಸುಮಾತಾಯಿತು. ಹೆದರಿಕೆಯಲ್ಲಿ ಅವನ ಮುಖ ಅಣ್ಣನ ಮುಖದಂತೆಯೇ ಕಾಣುತ್ತಿತ್ತು.

ಅನುಸೂಯಮ್ಮ ಅಷ್ಟು ಹೊತ್ತೂ ಬತ್ತಿ ಹೊಸೆಯುವುದನ್ನು ಬಿಟ್ಟಿರಲಿಲ್ಲ. ಪೂರ್ತಿ ಓದು ಎಂದು ಸೊಸೆಗೆ ಹೇಳಿದರು. ಭಾನುಮತಿ ಓದಿದಳು. ನಾನು ನೆಲ ನೋಡಿದೆ ಎಂಬಲ್ಲಿಗೆ ಬಂದಾಗ ಅತ್ತೆಯ ಬೆರಳು ನಿಂತಿತು. ಅರ್ಧ ಹೊಸೆದ ಬತ್ತಿಯನ್ನು ಕೆಳಗಿಟ್ಟರು.

"ಸತ್ತೋನ ಕೈಯ ಎರವಲು ಮನೇಲಿ ಇರಕೂಡದು. ಕೊಟ್ಟು ಬಾ. ಆದ್ರೆ ಆ ಒಂದು ಹಾಳೆ ತೆಗೆದುಬಿಡು ಭಾನು. ಅವಳೂ ಹೆತ್ತೋಳು ಸರಿ, ನಾನೂ ಹೆತ್ತೋಳೇ. ನನ್ನ ಮಗನ ಹೆಸರು ಹಾಳಾಗೋದು ಬೇಡ."

ಮತ್ತೆ ಅವರೇ ತಡೆದರು. ಹದಿನೈದು ದಿನದ ವಿಧವೆ ಇನ್ನೊಬ್ಬರ ಹೊಸಿಲಿಗೆ ಹೋಗುವುದೆಂತು? ವರ್ಷ ಕಳೆಯಲಿ ಎನ್ನಬೇಕೆಂದರೆ ಬುಧವಾರ ಎದುರಿಗಿತ್ತು. ಉಪೇಂದ್ರ ತಾನು ಹೋಗುವುದಿಲ್ಲ ಎಂದ. ಯಾರೂ ಅವನನ್ನು ಕೇಳಿರಲಿಲ್ಲ.

ಮಂಗಳವಾರ ಬೆಳಗ್ಗೆ ಅವಳು ನಾಣಿಯ ಕ್ಷೌರದ ಬ್ಲೇಡು ತೆಗೆದುಕೊಂಡು ಕೂತಳು. ಏಕಾದಶಿಯ ಹಾಳೆಯನ್ನು ಬುಡದಲ್ಲಿ ಮಡಚಿ ಬ್ಲೇಡು ಇಟ್ಟಳು. ಆಗ ಕಂಡಿತು. ಪಂಚಾಂಗ ನೂಲಿನಲ್ಲಿ ಹೊಲಿದದ್ದು. ಈ ಹಾಳೆಯ ಇನ್ನರ್ಧ ಹೊಲಿಗೆಯ ಆಚೆಗೆ ಹೋಗಿ, ಪುಷ್ಯ ಮಾಸದ ಹಾಳೆಯಾಗಿತ್ತು. ಇದನ್ನು ಕೊಯ್ದರೆ ಅದೂ ಸಡಿಲಾಗಿ ಕೈಗೆ ಬರುತ್ತದೆ. ಅದರಲ್ಲಿ ಕರೆದೊಯ್ದವರ ಹೆಸರುಗಳಿದ್ದವು, ಒಂಬತ್ತು ಜನ, ಅಪ್ಪಂದಿರ ಹೆಸರಿನೊಡನೆ, ಊರಿನೊಡನೆ. ತನ್ನ ಗಂಡನ ಮಾನ ಉಳಿಸಲು ಹೋದರೆ ಆ ಒಂಬತ್ತು ಜನರೂ ಉದುರಿ ಬೀಳುತ್ತಾರೆ. ಅವಳು ಬ್ಲೇಡನ್ನು ಹಳೆಯ ಕಾಗದದಲ್ಲಿ ಸುತ್ತಿ ಇದ್ದಲ್ಲೇ ಇಟ್ಟಳು. ಅತ್ತೆಗೆ ಹೇಳಲಿಲ್ಲ. ಹೇಗೂ ಭದ್ರಮ್ಮನಿಗೆ ಓದಲು ಬರುವುದಿಲ್ಲ, ಕೊಟ್ಟು ಬಂದರಾಯಿತು, ಓದಿ ಹೇಳು ಎಂದರೆ ಆ ಸಾಲುಗಳನ್ನು ದಾಟಿಸಿ ಓದಿದರಾಯಿತು ಎಂದು ತನಗೆ ತಾನೇ ಹೇಳಿಕೊಂಡಳು.

ಪಂಚಾಂಗವನ್ನು ಬಟ್ಟೆಯ ಚೀಲದಲ್ಲಿ ಹಾಕಿ, ಮೇಲೆ ನಾಲ್ಕು ಬಾಳೆಹಣ್ಣು ಇಟ್ಟುಕೊಂಡು, ಹತ್ತು ಗಂಟೆಗೆ ಬಸ್‌ಸ್ಟಾಪಿಗೆ ಬಂದಳು. ವೈಟ್‌ಫೀಲ್ಡಿನ ಬಸ್ಸು ಬಂತು. ಹತ್ತಿ ಕೂತ ಮೇಲೆ, ಹಿಂದಿನ ಬಾಗಿಲಿನಿಂದ ಹನುಮಂತರಾಯಪ್ಪ ಹತ್ತಿದ್ದು ಕಂಡಿತು. ಅವರು ಜನರನ್ನು ಸರಿಸಿಕೊಂಡು ಮುಂದೆ ಬಂದು, ಅವಳ ಸೀಟಿನ ಕಂಬಿ ಹಿಡಿದು ನಿಂತರು.

"ಎಲ್ಲಿಗೆ ಹೊರಟ್ರಿ ತಾಯಿ, ಇಷ್ಟು ಬೇಗ?"

ಬಾಯಿಗೆ ಬಂದದ್ದನ್ನು ಹೇಳಿದಳು. ವೈಟ್‌ಫೀಲ್ಡಿನಲ್ಲಿ ಸೋದರತ್ತೆ ಇದ್ದಾರೆ, ಹಾಸಿಗೆ ಹಿಡಿದಿದ್ದಾರೆ ಎಂದಳು. ಅವರು ಚೀಲ ನೋಡಿದರು. ಬಾಳೆಹಣ್ಣು ಕಂಡಿತು. ಹಣ್ಣಿನ ಭಾರಕ್ಕೆ ಚೀಲದ ಬಟ್ಟೆ ಬಿಗಿದು ಪಂಚಾಂಗದ ಮೂಲೆ ಚೌಕವಾಗಿ ಎದ್ದಿತ್ತು. ಅವಳು ಅದರ ಮೇಲೆ ಕೈ ಇಡಲೋ ಬೇಡವೋ ತಿಳಿಯದೆ ಸುಮ್ಮನೆ ಕೂತಳು. ಕಂಡಕ್ಟರು ಬಂದು, ಕಂಬಿ ಏನು ನಿಮ್ಮ ಮಾವ ಕೊಟ್ಟಿದ್ದಾ ಸಾರ್, ಸ್ವಲ್ಪ ಒಳಗೆ ಹೋಗಿ ಎಂದ. ಜನ ನಕ್ಕರು. ಹನುಮಂತರಾಯಪ್ಪನೂ ನಕ್ಕರು. ಭಾನುಮತಿ ಮಾತ್ರ ನಗಲಿಲ್ಲ. ನಗದೆ ಇದ್ದದ್ದು ತಪ್ಪಾಯಿತೇನೋ ಎಂದು ಮುಂದಿನ ಎರಡು ಸ್ಟಾಪು ಯೋಚಿಸಿದಳು. ಹೂಡಿಯಲ್ಲಿ ಅವರು ಇಳಿದರು. ಇಳಿಯುವ ಮುನ್ನ ಬಗ್ಗಿ, "ನಾಳೆ ಮನೇಲೇ ಇರಿ" ಎಂದರು.

ವೈಟ್‌ಫೀಲ್ಡ್ ರಸ್ತೆಯಲ್ಲಿ ಇಳಿದು ಮುಕ್ಕಾಲು ಗಂಟೆ ನಡೆದಳು. ದ್ರಾಕ್ಷಿ ತೋಟದ ತಂತಿಬೇಲಿ, ಕೆರೆಯ ಏರಿ, ಅರ್ಧ ಕೊಯ್ದ ರಾಗಿ ಹೊಲಗಳು. ಹಿಂದೆ ಹೆಜ್ಜೆ ಕೇಳಿದಂತಾಗಿ ಮೂರು ಸಲ ತಿರುಗಿ ನೋಡಿದಳು. ಒಮ್ಮೆ ಒಂದು ಎಮ್ಮೆ ಇತ್ತು, ಉಳಿದೆರಡು ಸಲ ಏನೂ ಇರಲಿಲ್ಲ.

ಭದ್ರಮ್ಮನ ಮನೆ ಯಾವುದೆಂದು ಕೇಳಿದಾಗ ಊರಿನವರು ಅವಳ ಬರಿಯ ಹಣೆ ನೋಡಿ ಕೈತೋರಿಸಿದರು, ಮಾತಾಡಲಿಲ್ಲ. ಹೆಂಚಿನ ಮನೆ. ಜಗಲಿಯ ಮೇಲೆ ಭದ್ರಮ್ಮ ಅವರೆಕಾಯಿ ಸುಲಿಯುತ್ತ ಕೂತಿದ್ದಳು. ಮೂರು ವರ್ಷದಲ್ಲಿ ಸಣ್ಣಗಾಗಿದ್ದಳು. ಬಾಗಿಲಲ್ಲಿ ನೀರಿನ ಕೊಡ ಹಿಡಿದು ಒಬ್ಬ ಹೆಂಗಸು ನಿಂತಿದ್ದಳು, ಭಾನುಮತಿಯ ವಯಸ್ಸಿನವಳೇ. ಸೊಣ್ಣಪ್ಪನ ಹೆಂಡತಿ ಕೃಷ್ಣಮ್ಮ. ಅವಳ ಹಣೆಯಲ್ಲಿ ಕಾಸಗಲ ಕುಂಕುಮ, ಕೈತುಂಬ ಬಳೆ.

ಭದ್ರಮ್ಮ ತಲೆಯೆತ್ತಿ ನೋಡಿದಳು. ಗುರುತು ಸಿಕ್ಕಿತು. ಹಣೆಯ ಮೇಲೆ ಕಣ್ಣು ಬಿತ್ತು. ಒಡನೆಯೇ ಸೊಸೆಯ ಕಡೆ ತಿರುಗಿ, "ನೀನು ಒಳೀಕ್ ಓಗು" ಎಂದಳು. ಕೃಷ್ಣಮ್ಮ ನಿಂತೇ ಇದ್ದಳು. "ಓಗೇ" ಎಂದು ಇನ್ನೊಮ್ಮೆ ಹೇಳಿದ ಮೇಲೆ ಒಳಗೆ ಸರಿದಳು. ಆದರೆ ಬಾಗಿಲ ಹಿಂದೆ ಬಳೆಯ ಸದ್ದು ನಿಂತದ್ದು ಹೊರಗೆ ಕೇಳಿಸಿತು.

"ಯಾವಾಗ ಓದ್ರು ನಿಮ್ಮೆಜಮಾನ್ರು?"

ಹದಿನೈದು ದಿನವಾಯಿತು ಎಂದಳು ಭಾನುಮತಿ. ಅಂಗಳದಲ್ಲೇ ನಿಂತಿದ್ದಳು, ಜಗಲಿಗೆ ಕಾಲಿಟ್ಟಿರಲಿಲ್ಲ. ಭದ್ರಮ್ಮನೂ ಬಾ ಎನ್ನಲಿಲ್ಲ. ಮೊರದಲ್ಲಿದ್ದ ಕಾಳನ್ನು ಅಂಗೈಯಿಂದ ಒತ್ತರಿಸುತ್ತ ಇದ್ದಳು. ಸುಲಿದ ಸಿಪ್ಪೆಯನ್ನೂ ಕಾಳಿಗೇ ಸೇರಿಸುತ್ತಿದ್ದಳು. ಆಗ ಭಾನುಮತಿಗೆ ಹೊಳೆಯಿತು. ತಾನು ಮನೆಯಿಂದ ಇಲ್ಲಿಯವರೆಗೆ ಎಷ್ಟು ಹೆದರಿಕೊಂಡು ಬಂದಳೋ ಅದಕ್ಕಿಂತ ಹೆಚ್ಚಾಗಿ ಈ ಹೆಂಗಸು ತನಗೆ ಹೆದರುತ್ತಿದ್ದಾಳೆ.

"ನೀನ್ ಯಾಕ್ ಬಂದೆ ಅಂತ ಗೊತ್ತಾಯ್ತು ಕಣವ್ವ. ಯೋಳ್‌ಬ್ಯಾಡ. ಐದೊರ್ಸ ಆಗೋಯ್ತು, ನಾನು ಯಾರ ಬಾಯಿಂದ್ಲೂ ಯೋಳುಸ್ಕಂಡಿಲ್ಲ. ಅಂಗೇ ತಿರ್ಗೋಗು."

ಭಾನುಮತಿಗೆ ಅದೇ ಬೇಕಾಗಿತ್ತು. ಪುಸ್ತಕವನ್ನು ಜಗಲಿಯ ತುದಿಯಲ್ಲಿಟ್ಟು, ನಿಮ್ಮ ಮಗನದು ಎಂದು ಹೇಳಿ ತಿರುಗಿಬಿಡಬಹುದು. ಯಾರೂ ಏನೂ ಕೇಳುವುದಿಲ್ಲ. ಅವಳು ಬಾಳೆಹಣ್ಣನ್ನು ಸರಿಸಿ, ಎಣ್ಣೆಬಟ್ಟೆ ಬಿಚ್ಚಿ, ಪಂಚಾಂಗವನ್ನು ಹೊರತೆಗೆದಳು.

ಓದಲು ಬಾರದ ಭದ್ರಮ್ಮ ಅದನ್ನು ಒಂದೇ ನೋಟಕ್ಕೆ ಗುರುತಿಸಿದಳು. ತಾನೇ ವೈಟ್‌ಫೀಲ್ಡಿನ ಅಂಗಡಿಯಿಂದ ತರಿಸಿ, ಮೇಷ್ಟರ ಕೈಲಿ ಹೆಸರು ಬರೆಸಿ, ಮೂಲೆಗೆ ಅರಿಶಿನ ಹಚ್ಚಿ ಕೊಟ್ಟದ್ದು. ಅವರೆಕಾಯಿ ಮೊರ ತೊಡೆಯಿಂದ ಜಾರಿ ಕಾಳು ಜಗಲಿಯ ತುಂಬ ಹರಡಿತು. ಅವಳು ಆರಿಸಲಿಲ್ಲ.

"ಇದು ನಿಮ್ಮನೇಗೆ ಎಂಗೆ ಬಂತು? ನೋಡೇ ಇಲ್ಲ ಅಂದ್ರಲ್ಲ ಅವ್ರು."

ನೋಡಿದ್ದರು ಎಂದಳು ಭಾನುಮತಿ. ಇಬ್ಬರೂ ಒಂದೇ ಕಡೆ ಇದ್ದರು, ಇದನ್ನು ಎರವಲು ತೆಗೆದುಕೊಂಡಿದ್ದರು, ಇದರಲ್ಲಿ ಬರೆದಿದ್ದಾರೆ ಎಂದಳು. ಬಾಗಿಲ ಹಿಂದಿನಿಂದ ಕೃಷ್ಣಮ್ಮನ ದನಿ ಬಂತು. ಅತ್ತೆಗೆ ಹೇಳಿದ್ದೋ ಭಾನುಮತಿಗೆ ಹೇಳಿದ್ದೋ ತಿಳಿಯುವಂತಿರಲಿಲ್ಲ.

"ಓದ್ಲಿ ಬುಡು."

ಭದ್ರಮ್ಮ ಬೇಡ ಎನ್ನಲಿಲ್ಲ. ಕಂಬಕ್ಕೆ ಒರಗಿ ಕಣ್ಣು ಮುಚ್ಚಿದಳು.

ಭಾನುಮತಿ ಅಂಗಳದಲ್ಲೇ ಕುಕ್ಕರುಗಾಲಿನಲ್ಲಿ ಕೂತು ಓದತೊಡಗಿದಳು. ರಸ್ತೆಯ ಕಡೆ ಬೆನ್ನು ಮಾಡಿ, ದನಿ ತಗ್ಗಿಸಿ ಓದಿದಳು. ಸೊಣ್ಣಪ್ಪ ಬೆಳಗ್ಗೆ ಎದ್ದು ದಿನ ಸಾರುತ್ತಿದ್ದದ್ದು, ಅವರೆ ಹೂವಿನ ಮಾತು, ರೊಟ್ಟಿ, ಚಳಿ. ಒಂದು ಕಡೆ, ಸಂಕ್ರಾಂತಿಯ ದಿನ ಅವನು ಹೆಂಡತಿಯ ಹೆಸರು ಹೇಳ್ರೋ ಎಂದು ಎಲ್ಲರನ್ನೂ ಕಾಡಿ, ತನ್ನ ಸರದಿ ಬಂದಾಗ ನಾಚಿಕೊಂಡನೆಂದು ಬರೆದಿತ್ತು. ಬಾಗಿಲ ಹಿಂದೆ ಸದ್ದಿರಲಿಲ್ಲ. ಆಮೇಲೆ ದ್ವಿಭಾಷಿ ಬಂದ. ಆಮೇಲೆ ಏಕಾದಶಿಯ ಪುಟ.

ನಂದೇ ಸ್ವಾಮಿ, ನಾನೇ ಬರ್ದಿದ್ದು. ಅಲ್ಲಿಯವರೆಗೆ ಓದಿ ಭಾನುಮತಿ ನಿಲ್ಲಿಸಿದಳು. ಮುಂದಿನ ಐದು ಸಾಲು ಬಿಟ್ಟು, ಲಾರಿಗೆ ಹತ್ತಿಸಿದರು ಎಂಬಲ್ಲಿಗೆ ಹೋಗಬಹುದಿತ್ತು. ಸಾಲುಗಳು ಅವಳ ಬೆರಳಿನ ಕೆಳಗಿದ್ದವು. ಬಸ್ಸಿನಲ್ಲಿ, ಏರಿಯ ಮೇಲೆ, ಅವಳು ಆ ಜಿಗಿತವನ್ನು ಮನಸ್ಸಿನಲ್ಲೇ ಅಭ್ಯಾಸ ಮಾಡಿಕೊಂಡೂ ಬಂದಿದ್ದಳು. ಬಿಟ್ಟರೆ, ಅಕ್ಷರ ಬಾರದ ಮಗ ಏನನ್ನೋ ಬರೆದು ಸಿಕ್ಕಿಬಿದ್ದ ಎಂದು ಈಕೆ ನಂಬಬೇಕಾಗುತ್ತದೆ. ತನ್ನ ಗಂಡ ಒಮ್ಮೆ ಇದೇ ಹೆಂಗಸಿಗೆ ಸುಳ್ಳು ಹೇಳಿದ್ದ. ಆಗ ಅವಳು ಪಕ್ಕದಲ್ಲಿ ಮಜ್ಜಿಗೆಯ ಲೋಟ ಹಿಡಿದು ನಿಂತಿದ್ದಳು.

ಓದಿದಳು. ಒಂದು ಪದವನ್ನೂ ಬಿಡಲಿಲ್ಲ. ನಾನು ನೆಲ ನೋಡಿದೆ, ಪುಸ್ತಕ ನನ್ನ ಸೊಂಟದಲ್ಲಿತ್ತು ಎಂದಾಗ ದನಿ ಬೇರೆ ಯಾರದೋ ಅನ್ನಿಸಿತು. ಓದಿ ಮುಗಿಸಿ ತಲೆ ಎತ್ತಲಿಲ್ಲ. ಬೈಗುಳ ಬರುತ್ತದೆ, ಕೈಗೆ ಸಿಕ್ಕಿದ್ದು ಬರುತ್ತದೆ, ಊರೆಲ್ಲ ಸೇರುತ್ತದೆ ಎಂದು ಕಾದಳು.

ಬಂದದ್ದು ಭದ್ರಮ್ಮನ ಒಂದು ಪ್ರಶ್ನೆ.

"ಎಳ್ಕಂಡ್ ಓದ್ರಾ ಅವನ್ನ?"

"ಇಲ್ಲ. ಯಾರೂ ಹಿಡಿದಿರಲಿಲ್ಲ. ತಾನೇ ನಡೆದು ಹೋದ ಅಂತ ಬರೆದಿದ್ದಾರೆ."

"ಸತ್ತ ಅಂತ ಬರ್ದೈತಾ?"

"ಇಲ್ಲ."

"ಬದುಕವ್ನೆ ಅಂತ?"

"ಅದೂ ಇಲ್ಲಮ್ಮ. ಮುಂದೆ ಖಾಲಿ ಇದೆ."

ಭದ್ರಮ್ಮ ತಲೆಯಾಡಿಸಿದಳು. ಯಾವ ದಿನ ಅದು ಎಂದು ಕೇಳಿದಳು. ಫಾಲ್ಗುಣ ಬಹುಳ ಏಕಾದಶಿ, ಶನಿವಾರ ಎಂದಳು ಭಾನುಮತಿ. ಮುದುಕಿ ಅದನ್ನು ತುಟಿಯಲ್ಲೇ ಎರಡು ಸಲ ಹೇಳಿಕೊಂಡಳು. ಒಳಗೆ ಕೊಡ ನೆಲಕ್ಕಿಟ್ಟ ಸದ್ದು ಕೇಳಿತು. ಕೃಷ್ಣಮ್ಮ ಅಷ್ಟು ಹೊತ್ತೂ ಅದನ್ನು ಸೊಂಟದಲ್ಲೇ ಹಿಡಿದು ನಿಂತಿದ್ದಳೆಂದು ಆಗ ತಿಳಿಯಿತು.

"ನಿನ್ ಗಂಡನ್ನ ನಾನು ಬೈಯಾಕಿಲ್ಲ" ಎಂದಳು ಭದ್ರಮ್ಮ. "ಒಳ್ಳೇದು ಅನ್ನಾಕೂ ಇಲ್ಲ."

ಪೊಲೀಸರು ನಾಳೆ ತನ್ನ ಮನೆಗೆ ಬರುತ್ತಾರೆ, ಇದು ಇಲ್ಲಿದೆಯೆಂದು ಯಾರಿಗೂ ಹೇಳಬಾರದು, ಇದರಲ್ಲಿ ಇನ್ನೂ ಒಂಬತ್ತು ಮನೆಯ ಹೆಸರುಗಳಿವೆ, ಕಾಲ ಸರಿಹೋದ ಮೇಲೆ ತಾನೇ ಬಂದು ಓದಿ ಬರೆದುಕೊಳ್ಳುತ್ತೇನೆ ಎಂದು ಭಾನುಮತಿ ಒಂದೇ ಉಸಿರಿನಲ್ಲಿ ಹೇಳಿದಳು. ಭದ್ರಮ್ಮ ಕೇಳಿಸಿಕೊಂಡಳೋ ಇಲ್ಲವೋ. ರಾಗಿ ತುಂಬುವ ಮಣ್ಣಿನ ವಾಡೆಯ ತಳದಲ್ಲಿ ಹಾಕುತ್ತೇನೆ ಎಂದಳು.

ಭಾನುಮತಿ ಎದ್ದು ಜಗಲಿಯ ಹತ್ತಿರ ಬಂದಳು. ಕೈಗೆ ಕೊಡಬಹುದೋ ಕೊಡಬಾರದೋ, ಮೊರದಲ್ಲಿಡಬೇಕೋ, ಅವಳಿಗೆ ಗೊತ್ತಾಗಲಿಲ್ಲ. ಭದ್ರಮ್ಮ ಅಂಗೈಗೆ ಅಂಟಿದ್ದ ಅವರೆಯ ಸೊಗಡನ್ನು ಸೀರೆಗೆ ಒರೆಸಿಕೊಂಡು, ಸೆರಗನ್ನು ಎರಡೂ ಕೈಯಲ್ಲಿ ಹಿಡಿದು ಮುಂದಕ್ಕೆ ಚಾಚಿದಳು. ಭಾನುಮತಿ ಪಂಚಾಂಗವನ್ನು ಅದರಲ್ಲಿ ಇಟ್ಟಳು.